ಗ್ಲೆನ್‌ಕೋದ ಹಿತ್ತಾಳೆ ಫಲಕ ಮತ್ತು ಕ್ಯಾಂಪ್‌ಬೆಲ್ ಎಂಬ ಅಡ್ಡಹೆಸರು

ಪ್ರಶ್ನೆ: ನಾನು ಮಂಗಳೂರಿನವಳು, ಎರಡು ವರ್ಷದಿಂದ ಗ್ಲಾಸ್ಗೋದಲ್ಲಿ ಕೆಲಸ. ಕಳೆದ ತಿಂಗಳು ಆಫೀಸಿನವರೆಲ್ಲ ಸೇರಿ ಗ್ಲೆನ್‌ಕೋ ಕಣಿವೆಗೆ ಹೋಗಿದ್ದೆವು. ಅಲ್ಲಿನ ಹಳೆಯ ವಸತಿಗೃಹವೊಂದರ ಕೌಂಟರಿನ ಬಳಿ ಒಂದು ಹಿತ್ತಾಳೆ ಫಲಕ: ಸಾಮಾನು ಮಾರಲು ಬರುವವರಿಗೂ ಕ್ಯಾಂಪ್‌ಬೆಲ್‌ಗಳಿಗೂ ಪ್ರವೇಶವಿಲ್ಲ ಅಂತ. ನಮ್ಮ ಜೊತೆಗಿದ್ದ ಒಬ್ಬರ ಅಡ್ಡಹೆಸರು ಕ್ಯಾಂಪ್‌ಬೆಲ್. ಅವರು ನಗುತ್ತ ಅದರ ಪಕ್ಕ ನಿಂತು ಫೋಟೊ ತೆಗೆಸಿಕೊಂಡರು. ಗುಂಪಿನಲ್ಲಿದ್ದ ಮ್ಯಾಕ್‌ಡೊನಾಲ್ಡ್ ಎಂಬ ಹಿರಿಯರು ಮಾತ್ರ ನಗಲಿಲ್ಲ. ಇದೇನು, ನಮ್ಮ ಜಾತಿ ಜಗಳದಂಥದ್ದೇ? ಕ್ಯಾಂಪ್‌ಬೆಲ್‌ಗಳೆಲ್ಲ ಒಂದೇ ಮನೆತನದವರೇ? ಟಿಪ್ಪು ಮುತ್ತಿಗೆ ಹಾಕಿದಾಗ ಮಂಗಳೂರು ಕೋಟೆಯಲ್ಲಿದ್ದ ಕ್ಯಾಂಪ್‌ಬೆಲ್ ಕೂಡ ಇವರ ಕಡೆಯವನೇ?

ಉತ್ತರ: ಫಲಕ ತಮಾಷೆಯದು. ಕ್ಯಾಂಪ್‌ಬೆಲ್ ಹೆಸರಿನವರು ಅಲ್ಲಿ ಉಣ್ಣುತ್ತಾರೆ, ಮಲಗುತ್ತಾರೆ, ದುಡ್ಡು ಕೊಟ್ಟು ಎದ್ದು ಬರುತ್ತಾರೆ. ಆದರೆ ಅದು 1692ರ ಒಂದು ಬೆಳಗಿನ ಜಾವದ ಮೇಲೆ ನಿಂತ ತಮಾಷೆ. ಹಿರಿಯರು ನಗದೆ ಇದ್ದುದೂ ಅದಕ್ಕೇ. ಇಷ್ಟು ವರ್ಷ ಸ್ಕಾಟ್ಲೆಂಡಿನ ಚರಿತ್ರೆ ಓದಿ, ಓದಿಸಿ ನನಗೆ ಅನ್ನಿಸಿದ್ದನ್ನು ಮೊದಲೇ ಹೇಳಿಬಿಡುತ್ತೇನೆ: ಗ್ಲೆನ್‌ಕೋದಲ್ಲಿ ಕ್ಯಾಂಪ್‌ಬೆಲ್‌ಗಳು ಹೊತ್ತುಕೊಂಡ ಕೆಟ್ಟ ಹೆಸರು ಅವರ ಪಾಲಿಗಿಂತ ಹೆಚ್ಚು. ಅವರು ನಿಜವಾಗಿಯೂ ಮಾಡಿದ ಒಂದು ಅನ್ಯಾಯ ಬೇರೆ ಕಡೆ ಇದೆ, ಅದನ್ನು ಹೆಚ್ಚಿನವರು ಕೇಳಿಯೂ ಇಲ್ಲ.

ಹೆಸರಿನಿಂದಲೇ ಶುರುಮಾಡೋಣ. ನಾವು ಕನ್ನಡದಲ್ಲಿ ಕ್ಯಾಂಪ್‌ಬೆಲ್ ಎಂದು ಬರೆಯುತ್ತೇವೆ, ಆ ‘ಪ’ ಅವರ ಬಾಯಲ್ಲಿ ಇಲ್ಲ. ‘ಕ್ಯಾಂಬಲ್’ ಅನ್ನುತ್ತಾರೆ, ನಿಮಗೆ ಅದು ಈಗಾಗಲೇ ರೂಢಿಯಾಗಿರಬೇಕು. ಮೂಲ, ಸ್ಕಾಟ್ಲೆಂಡಿನ ಬೆಟ್ಟಸೀಮೆಯ ಗೇಲಿಕ್ ಭಾಷೆಯದು: ‘ಕಾಮ್’ ಎಂದರೆ ಸೊಟ್ಟ, ‘ಬೆಲ್’ ಎಂದರೆ ಬಾಯಿ. ಸೊಟ್ಟಬಾಯಿ! ಯಾವನೋ ಒಬ್ಬ ಮೂಲಪುರುಷನ ತುಟಿ ಓರೆ ಇತ್ತು, ಊರವರು ಕರೆದರು, ಅದೇ ನಿಂತಿತು. ಕನ್ನಡದಲ್ಲಿ ಮನೆತನದ ಹೆಸರಿಗೂ ಗೇಲಿಯ ಹೆಸರಿಗೂ ‘ಅಡ್ಡಹೆಸರು’ ಎಂಬ ಒಂದೇ ಮಾತು ಇದೆಯಲ್ಲ, ಆ ಮಾತು ಇಲ್ಲಿಗೆ ಹೇಳಿ ಮಾಡಿಸಿದಂತಿದೆ. ಪಕ್ಕದ ಮನೆತನ ಕ್ಯಾಮೆರಾನ್‌ಗಳದೂ ಇದೇ ಕಥೆ, ಅವರದು ಸೊಟ್ಟಮೂಗು.

ದೊಡ್ಡವರಾದ ಮೇಲೆ ಸೊಟ್ಟಬಾಯಿ ಎನ್ನಿಸಿಕೊಳ್ಳುವುದು ಯಾರಿಗೆ ಬೇಕು? ‘ನಮ್ಮದು ಫ್ರಾನ್ಸಿನಿಂದ ಬಂದ ನಾರ್ಮನ್ ಮೂಲ, ಕಾಂಪೊ ಬೆಲ್ಲೊ, ಅಂದರೆ ಚೆಲುವಾದ ಬಯಲು’ ಎಂದು ಒಂದು ವಂಶಕಥೆ ಹುಟ್ಟಿಕೊಂಡಿತು. ಬರವಣಿಗೆಯೊಳಕ್ಕೆ ‘ಪ’ ನುಸುಳಿದ್ದು ಆ ದಾರಿಯಲ್ಲಿ. ಇನ್ನೊಂದು ಕಥೆ, ಇದು ಗೇಲಿಕ್ ಕವಿಗಳು ಹೇಳುತ್ತಿದ್ದದ್ದು, ಕಾಡುಹಂದಿ ಕೊಂದ ದಿಯರ್ಮಿದ್ ಎಂಬ ಪುರಾಣದ ವೀರ ನಮ್ಮ ಮೂಲ ಎಂದು. ಆದ್ದರಿಂದಲೇ ಇವರ ಲಾಂಛನದಲ್ಲಿ ಹಂದಿಯ ತಲೆ. ಎರಡೂ ಕಥೆಗಳನ್ನು ಒಟ್ಟಿಗೇ ಇಟ್ಟುಕೊಂಡರು. ತೆಂಕಣ ಆಸ್ಥಾನದಲ್ಲಿ ನಾರ್ಮನ್, ಬಡಗಣ ಬೆಟ್ಟದಲ್ಲಿ ದಿಯರ್ಮಿದ್. ಎರಡು ಕಡೆಯೂ ಸಲ್ಲುವ ಈ ಜಾಣತನವನ್ನು ಗುರುತಿಟ್ಟುಕೊಳ್ಳಿ, ಮುಂದಿನ ಐದು ನೂರು ವರ್ಷ ಅದೇ ನಡೆಯಿತು.

ದಾಖಲೆಯಲ್ಲಿ ಮೊದಲು ಸಿಗುವ ಕ್ಯಾಂಪ್‌ಬೆಲ್ ಗಿಲೆಸ್ಪಿಕ್ ಎಂಬುವನು, 1263ರ ಖಜಾನೆ ಲೆಕ್ಕದಲ್ಲಿ. ಅವನ ಮಗ ಕಾಲಿನ್ 1296ರಲ್ಲಿ ಪಕ್ಕದ ಮ್ಯಾಕ್‌ಡೂಗಲ್‌ಗಳ ಜೊತೆಗಿನ ಕಾದಾಟದಲ್ಲಿ ಸತ್ತ. ‘ಕಲೆನ್ ಮೋರ್’, ಅಂದರೆ ದೊಡ್ಡ ಕಾಲಿನ್, ಎಂದು ಹೆಸರಾದವನು. ಇವತ್ತಿಗೂ ಈ ಮನೆತನದ ಮುಖಂಡನಾದ ಆರ್ಗೈಲಿನ ಡ್ಯೂಕ್‌ನನ್ನು ಗೇಲಿಕ್‌ನಲ್ಲಿ ಕರೆಯುವುದು ಡ್ಯೂಕ್ ಎಂದಲ್ಲ, ‘ಮ್ಯಾಕ್ ಕಲೆನ್ ಮೋರ್’, ದೊಡ್ಡ ಕಾಲಿನ್ನನ ಮಗ ಎಂದು. ಕಾಲಿನ್ನನ ಮಗ ನೀಲ್, ಸ್ಕಾಟ್ಲೆಂಡಿನ ಸಿಂಹಾಸನಕ್ಕಾಗಿ ಕಾದಾಡುತ್ತಿದ್ದ ರಾಬರ್ಟ್ ಬ್ರೂಸ್‌ನ ಪಕ್ಷ ಹಿಡಿದ, ಬ್ರೂಸ್‌ನ ತಂಗಿ ಮೇರಿಯನ್ನು ಮದುವೆಯಾದ. ಬ್ರೂಸ್ ಗೆದ್ದು ರಾಜನಾದ. 1315ರಲ್ಲಿ ರಾಜ ನೀಲ್‌ನ ಮಗನಿಗೆ ಲಾಖ್-ಆ ಸರೋವರದ ಸೀಮೆಯನ್ನು ಬರೆದುಕೊಟ್ಟ. ಪ್ರತಿಯಾಗಿ ಕೊಡಬೇಕಾದ್ದು ನಲವತ್ತು ಹುಟ್ಟುಗಳ ಒಂದು ಹಡಗಿನ ಸೇವೆ.

ಬರೆದುಕೊಟ್ಟ ಎಂದೆನಲ್ಲ, ವಿಷಯ ಇರುವುದೇ ಅಲ್ಲಿ. ಹೈಲ್ಯಾಂಡಿನಲ್ಲಿ, ಅಂದರೆ ಸ್ಕಾಟ್ಲೆಂಡಿನ ಬಡಗಣ ಬೆಟ್ಟಸೀಮೆಯಲ್ಲಿ, ಭೂಮಿ ಹಿಡಿಯುವುದಕ್ಕೆ ಎರಡು ದಾರಿ ಇದ್ದವು. ತಲೆತಲಾಂತರದಿಂದ ನಮ್ಮವರು ಇಲ್ಲಿ ಇದ್ದಾರೆ, ಬಂದವರನ್ನು ಹೊಡೆದು ಓಡಿಸಿದ್ದೇವೆ, ಆದ್ದರಿಂದ ನಮ್ಮದು ಅನ್ನುವುದು ಒಂದು. ಅದಕ್ಕೆ ಕತ್ತಿಯ ಹಕ್ಕು ಎನ್ನುತ್ತಿದ್ದರು. ರಾಜನ ಮೊಹರಿನ ಪತ್ರ ಇನ್ನೊಂದು. ಆ ಪತ್ರವನ್ನು ಬರೆಯುತ್ತಿದ್ದದ್ದು ಕುರಿಯ ಚರ್ಮದ ಮೇಲೆ. ಕೆಪ್ಪೊಕ್‌ನ ಮ್ಯಾಕ್‌ಡೊನಾಲ್ಡ್ ಮುಖಂಡನೊಬ್ಬ, ಕತ್ತಿಯಿಂದ ಉಳಿಸಿಕೊಳ್ಳಲಾಗದ ನೆಲವನ್ನು ಕುರಿಚರ್ಮ ಹಿಡಿದು ಉಳಿಸಿಕೊಳ್ಳಲಾರೆ ಎಂದನಂತೆ. ಕ್ಯಾಂಪ್‌ಬೆಲ್‌ಗಳಿಗೆ ಅಂಥ ಬಿಗುಮಾನ ಇರಲಿಲ್ಲ. ಅವರು ಚರ್ಮವನ್ನು ಜೋಪಾನವಾಗಿ ಪೆಟ್ಟಿಗೆಯಲ್ಲಿಟ್ಟರು, ಎಡಿನ್‌ಬರೋದಲ್ಲಿ ವಕೀಲರನ್ನು ಇಟ್ಟರು, ಮಕ್ಕಳಿಗೆ ಕಾನೂನು ಓದಿಸಿದರು. ಸಣ್ಣ ಮನೆತನಗಳಿಂದ ‘ನಿಮ್ಮ ರಕ್ಷಣೆ ನಮ್ಮದು, ನಿಮ್ಮ ಸೇವೆ ನಮಗೆ’ ಎಂದು ಕರಾರು ಬರೆಸಿಕೊಂಡರು. ದ್ವೀಪಗಳನ್ನು ಆಳುತ್ತಿದ್ದ ಮ್ಯಾಕ್‌ಡೊನಾಲ್ಡ್‌ರ ಪ್ರಭುತ್ವವನ್ನು 1493ರಲ್ಲಿ ರಾಜ ಕಿತ್ತುಕೊಂಡಾಗ ಪಡುವಣ ಕರಾವಳಿಯಲ್ಲಿ ತೆರವಾದ ಜಾಗಕ್ಕೆ ತಯಾರಾಗಿ ಕೂತಿದ್ದವರು ಇವರೇ. ಅಷ್ಟು ಹೊತ್ತಿಗೆ, 1457ರಲ್ಲೇ, ಆರ್ಗೈಲಿನ ಅರ್ಲ್ ಪದವಿ ಬಂದಾಗಿತ್ತು.

ಇವರ ಕಾನೂನುಪ್ರಿಯತೆಗೆ ಒಂದು ತಮಾಷೆಯ ಉದಾಹರಣೆ. ಡಾಲರ್ ಎಂಬ ಊರಿನ ಮೇಲೆ ಎರಡು ಹಳ್ಳಗಳ ನಡುವೆ ಇವರಿಗೆ ಒಂದು ಕೋಟೆ ಸಿಕ್ಕಿತು. ಹಳ್ಳಗಳ ಹೆಸರು ಚಿಂತೆ ಮತ್ತು ದುಃಖ, ಕೋಟೆಯ ಹೆಸರು ಮಂಕು ಎನ್ನುವ ಅರ್ಥದ ‘ಗ್ಲೂಮ್’. ಬೇರೆ ಯಾರಾದರೂ ಆಗಿದ್ದರೆ ಹೊಸ ಹೆಸರಿಟ್ಟು ಕರೆದು ಸುಮ್ಮನಾಗುತ್ತಿದ್ದರು. ಇವರು 1490ರಲ್ಲಿ ಪಾರ್ಲಿಮೆಂಟಿನ ಕಾಯಿದೆ ಮಾಡಿಸಿ ಅದನ್ನು ಕ್ಯಾಸಲ್ ಕ್ಯಾಂಪ್‌ಬೆಲ್ ಎಂದು ಬದಲಿಸಿದರು. ಈಗಲೂ ಇದೆ, ಗ್ಲಾಸ್ಗೋದಿಂದ ಒಂದು ದಿನದಲ್ಲಿ ನೋಡಿ ಬರಬಹುದು.

ತಮಾಷೆಯಲ್ಲದ ಉದಾಹರಣೆ ಮ್ಯಾಕ್‌ಗ್ರೆಗರ್‌ಗಳದು. ಅವರು ಕತ್ತಿಯ ಹಕ್ಕಿನವರು. ಅವರು ಉಳುತ್ತಿದ್ದ ಕಣಿವೆಗಳ ಪತ್ರ ಒಂದೊಂದಾಗಿ ಗ್ಲೆನಾರ್ಖಿಯ ಕ್ಯಾಂಪ್‌ಬೆಲ್‌ಗಳ ಕೈಸೇರಿತು. ನೆಲ ಹೋದವರು ದನಗಳ್ಳರಾದರು, ಕೊಲೆಗೂ ಇಳಿದರು. 1603ರಲ್ಲಿ ಗ್ಲೆನ್ ಫ್ರೂಯಿನ್‌ನಲ್ಲಿ ಕೊಹೂನ್ ಎಂಬ ಮನೆತನದವರನ್ನು ಕೊಂದು ಹಾಕಿದ ಮೇಲೆ ಸರ್ಕಾರ ಆ ಹೆಸರನ್ನೇ ನಿಷೇಧಿಸಿತು. ಮ್ಯಾಕ್‌ಗ್ರೆಗರ್ ಎಂದು ಹೇಳಿಕೊಂಡರೆ ಮರಣದಂಡನೆ. ಅವರ ಮುಖಂಡ ಅಲಸ್ಟರ್‌ನನ್ನು ಹಿಡಿದದ್ದು ಆರ್ಗೈಲಿನ 7ನೇ ಅರ್ಲ್. ನಿನ್ನನ್ನು ಸ್ಕಾಟ್ಲೆಂಡಿನ ಗಡಿ ದಾಟಿಸಿ ಇಂಗ್ಲೆಂಡಿನ ನೆಲದ ಮೇಲೆ ಬಿಡುತ್ತೇನೆ ಎಂದು ಮಾತು ಕೊಟ್ಟಿದ್ದ. ಮಾತಿನಂತೆ ಗಡಿ ದಾಟಿಸಿದ. ಆಮೇಲೆ ಹಾಗೆಯೇ ತಿರುಗಿಸಿ ಎಡಿನ್‌ಬರೋಗೆ ತಂದು, 1604ರ ಜನವರಿಯಲ್ಲಿ ಗಲ್ಲಿಗೇರಿಸಿದರು. ಮಾತು ಅಕ್ಷರಶಃ ನಡೆದಿತ್ತು! ಇನ್ನು ಉಳಿದ ಮ್ಯಾಕ್‌ಗ್ರೆಗರ್‌ಗಳು ಬದುಕುವುದಕ್ಕೆ ಬೇರೆ ಹೆಸರು ಹಿಡಿಯಬೇಕಾಯಿತು. ಡ್ರಮಂಡ್, ಮರ್ರಿ, ಗ್ರಾಂಟ್ ಎಂದು ಯಾವುದು ಸಿಕ್ಕಿದರೆ ಅದು. ಅನೇಕರು ಕ್ಯಾಂಪ್‌ಬೆಲ್ ಆದರು. ಹೆಸರಾಂತ ರಾಬ್ ರಾಯ್ ಮ್ಯಾಕ್‌ಗ್ರೆಗರ್ ಕೂಡ ತಾಯಿಯ ಹೆಸರು ಹಿಡಿದು ರಾಬರ್ಟ್ ಕ್ಯಾಂಪ್‌ಬೆಲ್ ಎಂದೇ ಸಹಿ ಹಾಕುತ್ತಿದ್ದ. ಆ ನಿಷೇಧ ಪೂರ್ತಿ ತೆಗೆದದ್ದು 1774ರಲ್ಲಿ.

ಒಂದೇ ಮನೆತನವೇ ಎಂಬ ನಿಮ್ಮ ಪ್ರಶ್ನೆಗೆ ಅರ್ಧ ಉತ್ತರ ಇಲ್ಲೇ ಸಿಕ್ಕಿತು. ‘ಕ್ಲಾನ್’ ಎಂಬ ಮಾತಿಗೆ ಗೇಲಿಕ್‌ನಲ್ಲಿ ಮಕ್ಕಳು ಎಂದು ಅರ್ಥ, ಹಾಗಾಗಿ ಎಲ್ಲರೂ ಒಬ್ಬನ ಸಂತಾನ ಎಂಬ ಭಾವನೆ. ಆದರೆ ಮುಖಂಡನ ನೆಲದಲ್ಲಿ ಉಳುವವನು, ಅವನ ಆಸರೆ ಬೇಡಿ ಬಂದವನು, ಮೇಲಿನಂತೆ ಹೆಸರು ಕಳೆದುಕೊಂಡವನು, ಎಲ್ಲರೂ ಅದೇ ಹೆಸರು ಹಿಡಿಯುತ್ತಿದ್ದರು. ತುಳುನಾಡಿನ ‘ಬರಿ’ಯ ಹಾಗೆ ಒಂದೇ ಬರಿಯವರು ಮದುವೆಯಾಗಬಾರದು ಎಂಬ ಕಟ್ಟಳೆಯೂ ಇಲ್ಲ, ಕ್ಯಾಂಪ್‌ಬೆಲ್ ಕ್ಯಾಂಪ್‌ಬೆಲ್‌ನನ್ನು ಮದುವೆಯಾಗುವುದು ಸಾಮಾನ್ಯ. ಜಾತಿಯಂತೂ ಅಲ್ಲ. ಆ ಹೆಸರು ಯಾರ ರಕ್ತದವನು ಎನ್ನುವುದಕ್ಕಿಂತ ಯಾರ ಆಸರೆಯವನು ಎಂದು ಹೇಳುತ್ತಿತ್ತು.

ಈಗ ಗ್ಲೆನ್‌ಕೋ. 1691ರಲ್ಲಿ ಮೂರನೇ ವಿಲಿಯಂ ರಾಜ, ದಂಗೆಯೆದ್ದಿದ್ದ ಹೈಲ್ಯಾಂಡ್ ಮುಖಂಡರಿಗೆಲ್ಲ ಒಂದು ಗಡುವು ಕೊಟ್ಟ: 1692ರ ಜನವರಿ 1ರೊಳಗೆ ಬಂದು ನಿಷ್ಠೆಯ ಪ್ರಮಾಣ ಮಾಡಿದರೆ ಕ್ಷಮೆ. ಗ್ಲೆನ್‌ಕೋದ ಮ್ಯಾಕ್‌ಡೊನಾಲ್ಡ್‌ರ ಮುದಿ ಮುಖಂಡ ಮ್ಯಾಕಿಯನ್ ಕೊನೆಯ ಗಳಿಗೆಯಲ್ಲಿ ಫೋರ್ಟ್ ವಿಲಿಯಂಗೆ ಹೋದ. ಅಲ್ಲಿನ ಕರ್ನಲ್, ಪ್ರಮಾಣ ತೆಗೆದುಕೊಳ್ಳುವ ಅಧಿಕಾರ ನನಗಿಲ್ಲ, ಆರ್ಗೈಲ್ ಸೀಮೆಯ ಇನ್ವರೇರಿಯಲ್ಲಿರುವ ಶೆರಿಫ್ (ಸೀಮೆಯ ನ್ಯಾಯಾಧಿಕಾರಿ) ಹತ್ತಿರ ಹೋಗು ಎಂದು ಒಂದು ಚೀಟಿ ಕೊಟ್ಟು ಕಳಿಸಿದ. ನಮ್ಮಲ್ಲಿ ತಾಲೂಕು ಕಚೇರಿಯ ಮೆಟ್ಟಿಲು ಹತ್ತಿದವರಿಗೆಲ್ಲ ಈ ಸಂಕಟ ಗೊತ್ತು. ಹಿಮ ಬೀಳುತ್ತಿತ್ತು, ದಾರಿಯಲ್ಲಿ ಸಿಪಾಯಿಗಳು ಒಂದು ದಿನ ತಡೆದು ಕೂರಿಸಿದರು, ಇನ್ವರೇರಿಗೆ ಬಂದರೆ ಶೆರಿಫ್ ಹೊಸವರ್ಷಕ್ಕೆ ಊರಿಗೆ ಹೋಗಿದ್ದ. ಶೆರಿಫ್‌ನ ಹೆಸರು ಸರ್ ಕಾಲಿನ್ ಕ್ಯಾಂಪ್‌ಬೆಲ್. ಮರಳಿ ಬಂದವನು ಮೊದಲು ಆಗುವುದಿಲ್ಲ ಎಂದ. ಮುದುಕ ಕಣ್ಣೀರಿಟ್ಟ. ಮನಸ್ಸು ಕರಗಿ ಜನವರಿ 6ರಂದು ಪ್ರಮಾಣ ಬರೆಸಿಕೊಂಡ, ತಡವಾದದ್ದಕ್ಕೆ ಸಮಜಾಯಿಷಿ ಸೇರಿಸಿ ಎಡಿನ್‌ಬರೋಗೆ ಕಳಿಸಿದ. ಅಲ್ಲಿನ ಗುಮಾಸ್ತರು ಗಡುವು ಮೀರಿದೆ ಎಂದು ಆ ಹೆಸರನ್ನು ಹೊಡೆದುಹಾಕಿದರು.

ಸ್ಕಾಟ್ಲೆಂಡಿನ ಕಾರ್ಯದರ್ಶಿ ಜಾನ್ ಡಾಲ್ರಿಂಪಲ್‌ಗೆ ಬೇಕಾಗಿದ್ದೂ ಅದೇ. ಹೈಲ್ಯಾಂಡಿಗೆಲ್ಲ ಪಾಠವಾಗುವಂತೆ ಒಂದು ಸಣ್ಣ ಮನೆತನ ಸಿಕ್ಕಬೇಕಿತ್ತು. ಆಜ್ಞೆಗೆ ರಾಜ ಸಹಿ ಹಾಕಿದ. ಫೆಬ್ರವರಿಯ ಆರಂಭದಲ್ಲಿ ಸುಮಾರು 120 ಸೈನಿಕರು ಗ್ಲೆನ್‌ಕೋಗೆ ಬಂದು, ಕೆಲವು ದಿನ ಉಳಿಯಲು ಜಾಗ ಬೇಕು ಎಂದರು. ಅವರ ನಾಯಕ ಗ್ಲೆನ್‌ಲಯನ್‌ನ ರಾಬರ್ಟ್ ಕ್ಯಾಂಪ್‌ಬೆಲ್. ಕುಡುಕ, ಜೂಜುಕೋರ, ಸಾಲಗಾರ. ಮೂರು ವರ್ಷದ ಹಿಂದೆ ಇದೇ ಗ್ಲೆನ್‌ಕೋದವರು ಅವನ ಸೀಮೆ ನುಗ್ಗಿ ದನಕರು ಹೊಡೆದುಕೊಂಡು ಹೋಗಿದ್ದರು. ಇನ್ನೊಂದು ಕಡೆ ಅವನ ಸೋದರ ಸೊಸೆ ಮ್ಯಾಕಿಯನ್‌ನ ಕಿರಿಮಗನ ಹೆಂಡತಿ. ಬೀಗರ ಮನೆಗೇ ಬಂದಹಾಗೆ ಆಯಿತು. ಹನ್ನೆರಡು ದಿನ ಆ ಮನೆಗಳ ಒಲೆಯ ಮುಂದೆ ಕೂತು, ಅವರ ಮಾಂಸ ತಿಂದು, ಅವರ ಹಾಸಿಗೆಯಲ್ಲಿ ಮಲಗಿದರು. ಫೆಬ್ರವರಿ 12ರ ರಾತ್ರಿ ರಾಬರ್ಟ್ ಕ್ಯಾಂಪ್‌ಬೆಲ್ ಮ್ಯಾಕಿಯನ್‌ನ ಮಕ್ಕಳ ಜೊತೆ ಇಸ್ಪೀಟು ಆಡುತ್ತಿದ್ದ. ಆ ದಿನವೇ ಮೇಜರ್ ಡಂಕನ್‌ಸನ್‌ನ ಪತ್ರ ಅವನ ಕೈಸೇರಿತ್ತು: ಎಪ್ಪತ್ತು ವರ್ಷದೊಳಗಿನ ಎಲ್ಲರನ್ನೂ ಕತ್ತಿಗೆ ಕೊಡತಕ್ಕದ್ದು, ಬೆಳಗಿನ 5 ಗಂಟೆಗೆ.

ಮ್ಯಾಕಿಯನ್ ಹಾಸಿಗೆಯಿಂದ ಏಳುತ್ತಿದ್ದಾಗಲೇ ಗುಂಡು ಹೊಡೆದರು. ಸತ್ತವರು 38 ಎಂದು ಲೆಕ್ಕ. ಹಿಮದಲ್ಲಿ ಬೆಟ್ಟಕ್ಕೆ ಓಡಿದ ಹೆಂಗಸರು ಮಕ್ಕಳಲ್ಲಿ ಇನ್ನೆಷ್ಟೋ ಮಂದಿ ಚಳಿಯಲ್ಲಿ ಸತ್ತರು. ದಾರಿ ಕಟ್ಟಬೇಕಾಗಿದ್ದ ಇನ್ನೊಂದು ತುಕಡಿ ತಡವಾಗಿ ಬಂದದ್ದರಿಂದ ಹೆಚ್ಚಿನವರು ಉಳಿದುಕೊಂಡರು.

ಸ್ಕಾಟ್ಲೆಂಡಿನ ಕಾನೂನಿನಲ್ಲಿ ಇದಕ್ಕೊಂದು ಬೇರೆಯೇ ಹೆಸರಿತ್ತು: ನಂಬಿಕೆಯ ನೆರಳಲ್ಲಿ ಕೊಲೆ. ಸಾದಾ ಕೊಲೆಗಿಂತ ಘೋರವಾದ ಅಪರಾಧ. ಉಂಡ ಮನೆಗೆ ಎರಡು ಬಗೆಯುವುದು ಎಂದು ನಾವು ಬಾಯಿಮಾತಿನಲ್ಲಿ ಹೇಳುವುದನ್ನು ಅವರು ಕಾಯಿದೆಯಲ್ಲಿ ಬರೆದಿಟ್ಟಿದ್ದರು. ಹೈಲ್ಯಾಂಡಿನಲ್ಲಿ ಹತ್ಯಾಕಾಂಡಗಳು ಬೇಕಾದಷ್ಟು ಆಗಿವೆ, ಇದಕ್ಕಿಂತ ದೊಡ್ಡವೂ ಆಗಿವೆ. ಗ್ಲೆನ್‌ಕೋ ಮರೆಯದೆ ಉಳಿದದ್ದು ಹೆಣಗಳ ಲೆಕ್ಕದಿಂದಲ್ಲ, ಆ ಹನ್ನೆರಡು ರಾತ್ರಿಗಳಿಂದ.

ಆದರೆ ಇದನ್ನು ಕ್ಯಾಂಪ್‌ಬೆಲ್ ಮತ್ತು ಮ್ಯಾಕ್‌ಡೊನಾಲ್ಡ್‌ರ ಮನೆಜಗಳ ಮಾಡಿದ್ದು ಆಮೇಲೆ. ಆಜ್ಞೆಯ ಸಾಲು ಹಿಡಿದು ನೋಡಿ: ರಾಜ ವಿಲಿಯಂ, ಡಾಲ್ರಿಂಪಲ್, ಆಮೇಲೆ ಸೇನಾಧಿಕಾರಿಗಳಾದ ಹ್ಯಾಮಿಲ್ಟನ್, ಡಂಕನ್‌ಸನ್. ಕೊನೆಗೆ ಒಬ್ಬ ಕ್ಯಾಂಪ್‌ಬೆಲ್. ದಂಡಿನ ಹೆಸರು ಆರ್ಗೈಲ್ ದಂಡು ಎಂದಿದ್ದರೂ ಅಂದು ಕಣಿವೆಯಲ್ಲಿದ್ದ ಸೈನಿಕರಲ್ಲಿ ಕ್ಯಾಂಪ್‌ಬೆಲ್ ಹೆಸರಿನವರು ಕೆಲವೇ ಮಂದಿ. ಮುದುಕನಿಗೆ ಮರುಗಿ ಪ್ರಮಾಣ ಬರೆಸಿಕೊಂಡವನೂ ಕ್ಯಾಂಪ್‌ಬೆಲ್ಲೇ. 1695ರ ವಿಚಾರಣೆ ಇದನ್ನು ಕೊಲೆ ಎಂದು ಕರೆದು ಡಾಲ್ರಿಂಪಲ್‌ನತ್ತ ಬೆರಳು ತೋರಿಸಿತು. ಅವನಿಗೆ ಹುದ್ದೆ ಹೋಯಿತು, 1703ರಲ್ಲಿ ಅರ್ಲ್ ಪದವಿ ಬಂತು. ಸರ್ಕಾರ ಮಾಡಿದ್ದನ್ನು ನೆರೆಯವನ ತಲೆಗೆ ಕಟ್ಟುವುದು ಸರ್ಕಾರಕ್ಕೂ ಅನುಕೂಲ. ಡಂಕನ್‌ಸನ್‌ನ ಆ ಪತ್ರ ಈಗ ಎಡಿನ್‌ಬರೋದ ರಾಷ್ಟ್ರೀಯ ಗ್ರಂಥಾಲಯದ ಸಂಗ್ರಹದಲ್ಲಿದೆ.

ಇವರದೇ ಅನ್ಯಾಯ ಬೇರೆ ಎಂದೆನಲ್ಲ, ಅದು ಡನೂನ್. ನೀವಿರುವ ಊರಿಂದ ರೈಲು ಹಿಡಿದು, ದೋಣಿ ದಾಟಿದರೆ ಬರುವ ಕಡಲತೀರದ ಊರು. 1646ರಲ್ಲಿ, ಅಂತರ್ಯುದ್ಧದ ಗಲಾಟೆಯಲ್ಲಿ, ಕ್ಯಾಂಪ್‌ಬೆಲ್‌ಗಳು ಲಾಮಂಟ್ ಮನೆತನದ ಎರಡು ಕೋಟೆಗಳನ್ನು ಮುತ್ತಿದರು. ಪ್ರಾಣಕ್ಕೆ ಅಪಾಯವಿಲ್ಲ ಎಂದು ಬರೆದುಕೊಟ್ಟ ಮೇಲೆ ಲಾಮಂಟ್‌ಗಳು ಶರಣಾದರು. ಅವರನ್ನು ಡನೂನ್‌ಗೆ ಸಾಗಿಸಿ ನೂರಕ್ಕೂ ಹೆಚ್ಚು ಜನರನ್ನು ಕೊಂದರು, ಅದರಲ್ಲಿ 36 ಮಂದಿಯನ್ನು ಒಂದೇ ಮರಕ್ಕೆ ನೇಣು ಹಾಕಿದರು. ಇಲ್ಲಿ ಯಾವ ರಾಜನ ಆಜ್ಞೆಯೂ ಇರಲಿಲ್ಲ. ಬರೆದುಕೊಟ್ಟ ಪತ್ರವೂ ಅವರದೇ, ಮುರಿದದ್ದೂ ಅವರೇ. ಪತ್ರದ ಬಲದಿಂದ ಬೆಳೆದವರು ಪತ್ರಕ್ಕೆ ಬೆಲೆ ಕೊಡದೆ ಹೋದದ್ದು ಎಂಬ ಕಾರಣಕ್ಕೆ ನನಗೆ ಗ್ಲೆನ್‌ಕೋಗಿಂತ ಇದು ಹೆಚ್ಚು ಚುಚ್ಚುತ್ತದೆ. ಅಲ್ಲೊಂದು ಸ್ಮಾರಕಶಿಲೆ ಇದೆ, ಪ್ರವಾಸಿ ಬಸ್ಸುಗಳು ಮಾತ್ರ ಗ್ಲೆನ್‌ಕೋಗೇ ಹೋಗುತ್ತವೆ.

ಇವರು ಬರೀ ತಿಂದವರೂ ಅಲ್ಲ, ತೆತ್ತವರೂ ಹೌದು. 1645ರಲ್ಲಿ ಇನ್ವರ್‌ಲಾಖಿಯಲ್ಲಿ, ಅದೇ ಅಂತರ್ಯುದ್ಧದಲ್ಲಿ ರಾಜನ ಕಡೆಯ ಸೇನಾಪತಿಯಾಗಿದ್ದ ಮಾಂಟ್ರೋಸ್‌ನ ಸೈನ್ಯ ಇವರನ್ನು ಹಿಂಡುಹಿಂಡಾಗಿ ಕಡಿದುಹಾಕಿತು. ಆರ್ಗೈಲಿನ ಮಾರ್ಕ್ವಿಸ್ ಆರ್ಚಿಬಾಲ್ಡ್ ಅದನ್ನು ಸರೋವರದ ನಡುವೆ ಹಡಗಿನಲ್ಲಿ ಕೂತು ನೋಡಿದ. ಮಾಂಟ್ರೋಸ್ 1650ರಲ್ಲಿ ಗಲ್ಲಿಗೇರಿದ, ತಲೆಯನ್ನು ಎಡಿನ್‌ಬರೋ ಸೆರೆಮನೆಯ ಮೇಲಿನ ಮೊಳೆಗೆ ಸಿಕ್ಕಿಸಿದರು. ಹನ್ನೊಂದು ವರ್ಷ ಬಿಸಿಲು ಮಳೆ ತಿಂದ ಆ ತಲೆಯನ್ನು 1661ರಲ್ಲಿ ಮರ್ಯಾದೆಯಿಂದ ಇಳಿಸಿದರು. ಅದೇ ಮೊಳೆಗೆ ಮಾರ್ಕ್ವಿಸ್ ಆರ್ಚಿಬಾಲ್ಡ್‌ನ ತಲೆ ಏರಿತು. ಡನೂನ್ ಕೊಲೆಗಳು ಅವನ ಮೇಲಿನ ಆರೋಪಗಳಲ್ಲಿ ಒಂದು. 1685ರಲ್ಲಿ ಅವನ ಮಗನ ತಲೆಯೂ ಹೋಯಿತು. ‘ಕನ್ಯೆ’ ಎಂಬ ಹೆಸರಿನ ಆ ತಲೆ ಕಡಿಯುವ ಯಂತ್ರ ಎಡಿನ್‌ಬರೋದ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿದೆ, ಹೋದರೆ ನೋಡಿ. ನಾನು ಅಂದುಕೊಂಡದ್ದಕ್ಕಿಂತ ಚಿಕ್ಕದು. ಕಿಟಕಿಯ ಚೌಕಟ್ಟು ಬಿಚ್ಚಿ ನಿಲ್ಲಿಸಿದಂತಿದೆ.

18ನೇ ಶತಮಾನದ ಹೊತ್ತಿಗೆ ಇವರೇ ಸರ್ಕಾರ. ಅದರ ಕಹಿ ನೋಡಬೇಕಾದರೆ 1752ರ ಆಪಿನ್ ಮೊಕದ್ದಮೆ ಸಾಕು. ಸ್ಟುವರ್ಟ್ ಒಕ್ಕಲುಗಳನ್ನು ಎಬ್ಬಿಸಲು ಹೊರಟಿದ್ದ ಅಮಲ್ದಾರ ಕಾಲಿನ್ ಕ್ಯಾಂಪ್‌ಬೆಲ್‌ನನ್ನು ಯಾರೋ ಕಾಡಿನಿಂದ ಗುಂಡಿಟ್ಟು ಕೊಂದರು. ಕೊಂದವನು ಸಿಗಲಿಲ್ಲ. ಜೇಮ್ಸ್ ಸ್ಟುವರ್ಟ್ ಎಂಬುವನನ್ನು ಹಿಡಿದು ಇನ್ವರೇರಿಯಲ್ಲಿ ವಿಚಾರಣೆ ನಡೆಸಿದರು. 15 ಪಂಚರಲ್ಲಿ 11 ಮಂದಿ ಕ್ಯಾಂಪ್‌ಬೆಲ್‌ಗಳು, ಪೀಠದ ಮೇಲೆ ಆರ್ಗೈಲಿನ ಡ್ಯೂಕ್. ತೀರ್ಪು ಏನಾಗಿರಬಹುದು, ನೀವೇ ಊಹಿಸಿ. ಇದೇ ಡ್ಯೂಕ್, ಮೂರನೆಯವನು, ತಾನು ಇನ್ನೂ ಐಲೆಯ ಪ್ರಭು ಎನಿಸಿಕೊಂಡಿದ್ದಾಗ, 1727ರಲ್ಲಿ ರಾಯಲ್ ಬ್ಯಾಂಕ್ ಆಫ್ ಸ್ಕಾಟ್ಲೆಂಡಿನ ಮೊದಲ ಗವರ್ನರ್ ಆದವನು. ಆ ಬ್ಯಾಂಕಿನ ಹಳೆಯ ನೋಟುಗಳ ಮೇಲೆ ತಲೆಗೂದಲ ಟೋಪನ್ ಹಾಕಿಕೊಂಡು ಕೂತಿದ್ದವನು ಇವನೇ. ನೋಟುಗಳು ಕಾಗದ ಬಿಟ್ಟು ಪ್ಲಾಸ್ಟಿಕ್ ಆದಾಗ ಮುಂಬದಿಯಿಂದ ಇಳಿದ.

ಹೆಸರು ರಕ್ತವಲ್ಲ ಎಂಬುದಕ್ಕೆ ಇನ್ನೆರಡು ಸಾಕ್ಷಿ. 1857ರಲ್ಲಿ ಲಖನೌಗೆ ಸೈನ್ಯ ನಡೆಸಿದ ಸರ್ ಕಾಲಿನ್ ಕ್ಯಾಂಪ್‌ಬೆಲ್ ಹುಟ್ಟಿನಿಂದ ಕ್ಯಾಂಪ್‌ಬೆಲ್ಲೇ ಅಲ್ಲ. ಗ್ಲಾಸ್ಗೋದ ಬಡಗಿಯೊಬ್ಬನ ಮಗ, ಕಾಲಿನ್ ಮ್ಯಾಕ್‌ಲಿವರ್. ಹುಡುಗನನ್ನು ಸೈನ್ಯಕ್ಕೆ ಸೇರಿಸಲು ಸೋದರಮಾವ ಕರ್ನಲ್ ಕ್ಯಾಂಪ್‌ಬೆಲ್ ಡ್ಯೂಕ್ ಆಫ್ ಯಾರ್ಕ್ ಬಳಿ ಕರೆದುಕೊಂಡು ಹೋದಾಗ, ಡ್ಯೂಕ್ ಇವನೂ ಕ್ಯಾಂಪ್‌ಬೆಲ್ ಎಂದುಕೊಂಡು ಹಾಗೇ ಬರೆಸಿದ. ಹೊರಗೆ ಬಂದ ಮೇಲೆ ಮಾವ, ಇರಲಿ ಬಿಡು, ಸೈನ್ಯದಲ್ಲಿ ಇದು ಒಳ್ಳೆಯ ಹೆಸರು ಎಂದನಂತೆ. ಇನ್ನೊಂದು ಜಮೈಕಾ. ಅಲ್ಲಿ ಕ್ಯಾಂಪ್‌ಬೆಲ್ ತುಂಬ ಸಾಮಾನ್ಯವಾದ ಹೆಸರು. ಸ್ಕಾಟರು ಅಲ್ಲಿ ಕಬ್ಬಿನ ತೋಟ ಮಾಡಿದ್ದರು, ದುಡಿಯಲು ತಂದ ಆಫ್ರಿಕಾದ ಗುಲಾಮರಿಗೆ ಒಡೆಯನ ಹೆಸರು ಅಂಟಿತು. ವೆಸ್ಟ್ ಇಂಡೀಸ್ ಪರ ಇನಿಂಗ್ಸ್ ಆರಂಭಿಸುವ ಜಮೈಕಾದ ಜಾನ್ ಕ್ಯಾಂಪ್‌ಬೆಲ್‌ನನ್ನು ನೀವು ಟಿವಿಯಲ್ಲಿ ನೋಡಿರುತ್ತೀರಿ. ಆ ಹೆಸರಿನ ಹಿಂದೆ ಆಸರೆಯೂ ಇಲ್ಲ, ಕರಾರೂ ಇಲ್ಲ.

ನಿಮ್ಮ ಮಂಗಳೂರಿನವನೂ ಜಾನ್ ಕ್ಯಾಂಪ್‌ಬೆಲ್ಲೇ. ಇವನು ಮಾತ್ರ ಅಚ್ಚ ಆರ್ಗೈಲ್ ಕಡೆಯವನು, ಸ್ಟೋನ್‌ಫೀಲ್ಡ್ ಶಾಖೆ. ತಂದೆ ಎಡಿನ್‌ಬರೋದಲ್ಲಿ ನ್ಯಾಯಾಧೀಶ, ಅಜ್ಜ ಆರ್ಗೈಲ್ ಸೀಮೆಯ ಶೆರಿಫ್. 1783ರ ಮೇ ತಿಂಗಳಲ್ಲಿ ಟಿಪ್ಪು ಬಿದನೂರನ್ನು ಮರಳಿ ಗೆದ್ದು ಘಟ್ಟ ಇಳಿದು ಬಂದಾಗ ಮಂಗಳೂರು ಕೋಟೆ ಇವನ ವಶದಲ್ಲಿತ್ತು. ಒಳಗೆ ಹೈಲ್ಯಾಂಡಿನಲ್ಲಿ ಕಟ್ಟಿದ ದಂಡಿನ ಸೈನಿಕರು, ಜೊತೆಗೆ ಬೊಂಬಾಯಿಯ ಸಿಪಾಯಿಗಳು. ಮಳೆಗಾಲವೆಲ್ಲ ಮುತ್ತಿಗೆ. ಯುರೋಪಿನಲ್ಲಿ ಸಂಧಿಯಾದ ಸುದ್ದಿ ಬಂದು ಟಿಪ್ಪುವಿನ ಜೊತೆಗಿದ್ದ ಫ್ರೆಂಚರು ಹಿಂದೆ ಸರಿದರು, ಆಗಸ್ಟ್ 2ರಂದು ಕದನವಿರಾಮದ ಕರಾರು ಆಯಿತು. ಆಮೇಲೆ ನಡೆದದ್ದು ಫಿರಂಗಿಯ ಯುದ್ಧವಲ್ಲ, ಹೊಟ್ಟೆಯ ಯುದ್ಧ. ಸಾಮಗ್ರಿ ಸರಿಯಾಗಿ ಒಳಗೆ ಹೋಗಲಿಲ್ಲ, ಕಾಯಿಲೆ ಹಬ್ಬಿತು. ಬಿಡಿಸಲೆಂದು ಕಡಲಲ್ಲಿ ಹಡಗು ತಂದ ಜನರಲ್ ನಾರ್ಮನ್ ಮ್ಯಾಕ್‌ಲಿಯಡ್, ಅವನೂ ಸ್ಕೈ ದ್ವೀಪದ ಒಬ್ಬ ಕ್ಲಾನ್ ಮುಖಂಡನೇ, ಕರಾರು ಮುರಿದಂತಾಗುತ್ತದೆಂದು ಮರಳಿದ. 1784ರ ಜನವರಿ 30ರಂದು ಕ್ಯಾಂಪ್‌ಬೆಲ್ ಕೋಟೆ ಬಿಟ್ಟುಕೊಟ್ಟು ಉಳಿದವರ ಜೊತೆ ಹೊರಬಂದ. ಮಾರ್ಚ್ 11ರಂದು ಮಂಗಳೂರು ಒಪ್ಪಂದಕ್ಕೆ ಸಹಿ ಬಿತ್ತು. ಅವನು ಮಾರ್ಚ್ 23ರಂದು ಬೊಂಬಾಯಿಯಲ್ಲಿ ಸತ್ತ, ಆಗ ಅವನಿಗೆ ಮೂವತ್ತೊಂದೂ ತುಂಬಿರಲಿಲ್ಲ.

ಕನ್ನಡ ನಾಡಿಗೆ ಕೋಟೆಯ ಕ್ಯಾಂಪ್‌ಬೆಲ್‌ಗಿಂತ ಹೆಚ್ಚು ಉಪಕಾರ ಮಾಡಿದ ಇನ್ನೊಬ್ಬ ಇದ್ದಾನೆ. ಅಲೆಗ್ಸಾಂಡರ್ ಡಂಕನ್ ಕ್ಯಾಂಪ್‌ಬೆಲ್, ಬಳ್ಳಾರಿಯ ಕಲೆಕ್ಟರ್, ತೆಲುಗು ವ್ಯಾಕರಣ ಬರೆದವನು. 1823ರ ಆಗಸ್ಟಿನಲ್ಲಿ ಜಿಲ್ಲೆಯ ಶಾಲೆಗಳ ಬಗ್ಗೆ ಮದರಾಸಿಗೆ ಒಂದು ವರದಿ ಕಳಿಸಿದ. 9,27,857 ಜನರಿರುವ ಜಿಲ್ಲೆಯಲ್ಲಿ 533 ಶಾಲೆ, 6,641 ಮಕ್ಕಳು. ಅದರಲ್ಲಿ 235 ಕನ್ನಡ ಶಾಲೆಗಳು, 226 ತೆಲುಗು, ಇಂಗ್ಲಿಷಿನದು ಒಂದೇ ಒಂದು. ಐದು ವರ್ಷಕ್ಕೆ ಮಗುವನ್ನು ಕೂರಿಸಿ, ಗಣಪತಿ ಪೂಜೆ ಮಾಡಿ, ಬೆರಳು ಹಿಡಿದು ಅಕ್ಕಿಯ ಮೇಲೆ ಅಕ್ಷರ ಬರೆಸುವುದನ್ನು ಕಣ್ಣಿಗೆ ಕಟ್ಟುವಂತೆ ಬರೆದಿದ್ದಾನೆ. ದೊಡ್ಡ ಹುಡುಗರು ಚಿಕ್ಕವರಿಗೆ ಹೇಳಿಕೊಡುವ ಪದ್ಧತಿಯನ್ನು ಮೆಚ್ಚಿಕೊಳ್ಳುತ್ತಾನೆ, ಅರ್ಥ ತಿಳಿಯದೆ ಉರು ಹೊಡೆಸುವುದನ್ನು ಬೈಯುತ್ತಾನೆ. ಶಾಲೆಗಳು ಯಾಕೆ ಕಡಿಮೆಯಾಗುತ್ತಿವೆ ಎಂಬಲ್ಲಿ ಮಾತ್ರ ತನ್ನ ಸರ್ಕಾರವನ್ನೇ ಬಿಡುವುದಿಲ್ಲ: ನಾಡಿನ ಜನ ಬಡವರಾಗುತ್ತಿದ್ದಾರೆ, ದುಡ್ಡು ದೇಶೀಯರ ಕೈಬಿಟ್ಟು ಹೋಗಿದೆ ಎನ್ನುತ್ತಾನೆ. ಆ ಕಾಲದ ಬಳ್ಳಾರಿಯ ಕನ್ನಡ ಮಕ್ಕಳು ಹೇಗೆ ಓದುತ್ತಿದ್ದರು ಎಂದು ತಿಳಿಯಲು ಇಂದಿಗೂ ತೆರೆಯಬೇಕಾದ ಕಡತ ಅದು.

ಸಂಸ್ಕೃತಿಯ ಮಾತಿಗೆ ಬಂದರೆ ನಾನು ಡ್ಯೂಕರನ್ನು ಬಿಟ್ಟು ಐಲೆ ದ್ವೀಪದ ಜಾನ್ ಫ್ರಾನ್ಸಿಸ್ ಕ್ಯಾಂಪ್‌ಬೆಲ್‌ನ ಹೆಸರು ಹೇಳುತ್ತೇನೆ. ಜಮೀನ್ದಾರನ ಮಗ, ಆಸ್ತಿಯೆಲ್ಲ ಸಾಲಕ್ಕೆ ಹೋಗಿತ್ತು. ಬೆಸ್ತರು, ಕಲಾಯಿಗಾರರು, ಕುರುಡ ಪಿಟೀಲುಗಾರರು ಹೇಳಿದ ಗೇಲಿಕ್ ಕಥೆಗಳನ್ನು ಅವರವರ ಮಾತಿನಲ್ಲೇ ಬರೆಸಿ 1860ರಿಂದ 62ರವರೆಗೆ ನಾಲ್ಕು ಸಂಪುಟ ತಂದ. ಕಥೆ ಹೇಳಿದವರ ಹೆಸರು, ಊರು, ಕಸುಬು ಎಲ್ಲ ಗುರುತು ಹಾಕಿದ್ದಾನೆ. ಆ ಕಾಲಕ್ಕೆ ಅದು ಅಪರೂಪ. ಬಿಸಿಲು ಅಳೆಯುವ ಗಾಜಿನ ಗುಂಡಿನ ಉಪಕರಣವನ್ನು ಮೊದಲು ಮಾಡಿದವನೂ ಇವನೇ. ಗುಂಡಿನ ಮೂಲಕ ಬಿದ್ದ ಬಿಸಿಲು ರಟ್ಟಿನ ಪಟ್ಟಿಯನ್ನು ಸುಡುತ್ತ ಹೋಗುತ್ತದೆ, ಸುಟ್ಟ ಗೆರೆಯ ಉದ್ದ ಅಳೆದರೆ ಆ ದಿನದ ಬಿಸಿಲಿನ ಹೊತ್ತು ಸಿಗುತ್ತದೆ. ನಮ್ಮ ಹವಾಮಾನ ಕೇಂದ್ರಗಳ ಅಂಗಳದಲ್ಲೂ ಅದನ್ನು ಇಟ್ಟಿರುತ್ತಾರೆ.

ಕೊನೆಗೆ ನಿಮ್ಮ ಆಫೀಸಿಗೆ. ಸ್ಕಾಟ್ಲೆಂಡಿನ ಹೆಚ್ಚು ಬಳಕೆಯ ಹತ್ತು ಅಡ್ಡಹೆಸರುಗಳಲ್ಲಿ ಇದೂ ಒಂದು, ಹಾಗಾಗಿ ಇನ್ನೂ ಎಷ್ಟೋ ಕ್ಯಾಂಪ್‌ಬೆಲ್‌ಗಳು ನಿಮಗೆ ಸಿಗುತ್ತಾರೆ. ಸಿಕ್ಕ ಕೂಡಲೇ ಗ್ಲೆನ್‌ಕೋ ಎತ್ತಬೇಡಿ, ಆ ಜೋಕು ಅವರು ಹುಟ್ಟಿದಾಗಿನಿಂದ ಕೇಳಿದ್ದಾರೆ. ‘ನಿಮ್ಮ ಹಿರಿಯರು ಯಾವ ಕಡೆಯವರು? ಇನ್ವರೇರಿಯೋ, ಬ್ರೆಡಾಲ್ಬನ್ನೋ, ಕಾಡರೋ?’ ಎಂದು ಕೇಳಿ, ಊಟದ ಬಿಡುವು ಮುಗಿದರೂ ಮಾತು ಮುಗಿಯುವುದಿಲ್ಲ. ಮ್ಯಾಕ್‌ಡೊನಾಲ್ಡ್ ಹಿರಿಯರ ವಿಷಯ ಬೇರೆ. ಪ್ರತಿ ವರ್ಷ ಫೆಬ್ರವರಿ 13ರಂದು ಗ್ಲೆನ್‌ಕೋ ಹಳ್ಳಿಯ ಶಿಲುಬೆಯ ಸ್ಮಾರಕಕ್ಕೆ ಹೂವಿನ ಚಕ್ರ ಇಡುತ್ತಾರೆ. ಅವರು ಹೋಗುವವರಾದರೆ, ನಾನೂ ಬರಲೇ ಎಂದು ಕೇಳಿ ನೋಡಿ. ಆ ತಿಂಗಳು ಅಲ್ಲಿ ಚಳಿ ವಿಪರೀತ, ದಪ್ಪನೆಯ ಬೂಟು ಬೇಕಾಗುತ್ತದೆ.